ಗಾಡಿ ಕೈಬದಲಾದಾಗ ಸಾಫ್ಟ್‌ವೇರ್ ಯಾರ ಪಾಲಿಗೆ?

ತಲಪಾಡಿಯಿಂದ ತೃಕ್ಕರಿಪುರದ ತನಕ ಹಳೆ ಕಾರುಗಳ ವ್ಯಾಪಾರದಲ್ಲಿರುವ ಡೀಲರುಗಳಿಗೆ, ಬ್ರೋಕರುಗಳಿಗೆ, ಆರ್‌ಟಿಒ ಕೆಲಸ ಮಾಡಿಕೊಡುವ ಏಜೆಂಟರಿಗೆ,



ಈ ಪತ್ರವನ್ನು ಕಾರು ಕಂಪನಿಗಳಿಗೆ ಬರೆಯಬಹುದಿತ್ತು, ಸಾರಿಗೆ ಸಚಿವರಿಗೂ ಬರೆಯಬಹುದಿತ್ತು. ಆದರೆ ನಮ್ಮ ಜಿಲ್ಲೆಯಲ್ಲಿ ಹಳೆ ಗಾಡಿ ಕೊಳ್ಳುವವರು ಕಂಪನಿಯ ಮುಖ ನೋಡಿ ಕೊಳ್ಳುವುದಿಲ್ಲ. ಉಪ್ಪಳದಲ್ಲೋ ಕುಂಬಳೆಯಲ್ಲೋ ಬದಿಯಡ್ಕದಲ್ಲೋ ಪರಿಚಯದ ಒಬ್ಬರ ಮಾತು ನಂಬಿ ಕೊಳ್ಳುತ್ತಾರೆ. ನೀವು ಬಾನೆಟ್ ಎತ್ತಿ ನೋಡಿ "ಧೈರ್ಯವಾಗಿ ತೆಗೆದುಕೊಳ್ಳಿ" ಅಂದರೆ ಅಡ್ವಾನ್ಸ್ ಕೈ ಬದಲಾಗುತ್ತದೆ. ಆ ನಂಬಿಕೆಗೆ ಈಗ ಹೊಸದೊಂದು ಕಡೆಯಿಂದ ಪೆಟ್ಟು ಬೀಳುವ ಕಾಲ ಬಂದಿದೆ. ಅದಕ್ಕಾಗಿ ನಿಮಗೇ ಬರೆಯುತ್ತಿದ್ದೇನೆ.

ವಿಷಯ ಇಷ್ಟೇ: ಮೊದಲ ಮಾಲೀಕ ದುಡ್ಡು ಕೊಟ್ಟು ಕಾರಿಗೆ ಹಾಕಿಸಿದ ಸಾಫ್ಟ್‌ವೇರ್ ಸೌಲಭ್ಯ, ಆ ಕಾರು ಎರಡನೆಯವರ ಕೈಗೆ ಹೋದಾಗ ಏನಾಗುತ್ತದೆ?

ನಾನು ದಸ್ತಾವೇಜು ಬರೆಯುವ ಕೆಲಸದವನು. ಅಡಿಕೆ ತೋಟದ ಕ್ರಯಪತ್ರ ಬರೆಯುವಾಗ ಎಷ್ಟು ಸೆಂಟ್ಸ್ ಜಾಗ ಎಂದಷ್ಟೇ ಬರೆದು ಕೈತೊಳೆದುಕೊಳ್ಳುವುದಿಲ್ಲ. ಬಾವಿ, ಪಂಪ್ ಶೆಡ್ಡು, ಮೇಲಿನ ಗುಡ್ಡದ ಸುರಂಗದಿಂದ ಬರುವ ನೀರು, ಹೋಗಿಬರುವ ದಾರಿ ಎಲ್ಲವನ್ನೂ ಬರೆಯುತ್ತೇವೆ. ಬರೆಯದೆ ಬಿಟ್ಟ ನೀರಿಗಾಗಿ ಎರಡು ತಲೆಮಾರು ಕೋರ್ಟಿಗೆ ಅಲೆದ ಮನೆಗಳನ್ನು ನೀವೂ ಕಂಡಿದ್ದೀರಿ. ಈಗಿನ ಕಾರಿನಲ್ಲೂ ಹಾಗೆ ಕಣ್ಣಿಗೆ ಕಾಣದ, ಬೇರೆ ಕಡೆಯಿಂದ ಹರಿದುಬರುವ ಸಂಗತಿಗಳು ಸೇರಿಕೊಂಡಿವೆ. ಆದರೆ ಕಾರಿನ ಮಾರಾಟದ ಕರಾರುಪತ್ರದಲ್ಲಿ ಅವುಗಳ ಬಗ್ಗೆ ಒಂದು ಸಾಲೂ ಇರುವುದಿಲ್ಲ.

ನಿಮ್ಮ ಕೈಯಲ್ಲಿ ಆಗಾಗ ನಡೆಯುವಂಥ ಒಂದು ವ್ಯವಹಾರವನ್ನೇ ತೆಗೆದುಕೊಳ್ಳೋಣ. ಬೆಂಗಳೂರಿನಲ್ಲಿ ಕೆಲಸದಲ್ಲಿರುವ ನಮ್ಮ ಕಡೆಯವರೊಬ್ಬರು ತಮ್ಮ 2021ರ ಎಸ್‌ಯುವಿ ಮಾರುತ್ತಾರೆ, ಪೆರ್ಲದ ಕೃಷಿಕರೊಬ್ಬರು ಕೊಳ್ಳುತ್ತಾರೆ. ಕರ್ನಾಟಕದ ನೋಂದಣಿ, ಹಾಗಾಗಿ ಫಾರ್ಮ್ 28ರಲ್ಲಿ ಎನ್‌ಒಸಿ. ಮಾಲೀಕತ್ವ ಬದಲಾವಣೆಗೆ ಫಾರ್ಮ್ 29 ಮತ್ತು 30. ಬ್ಯಾಂಕ್ ಸಾಲ ಇದ್ದಿದ್ದರೆ ಫಾರ್ಮ್ 35. ಕೇರಳದಲ್ಲಿ ತೆರಿಗೆ ಕಟ್ಟಿ ಕೆಎಲ್ 14 ನಂಬರು. ಹಳೆ ಫಾಸ್ಟ್ಯಾಗ್ ಮುಚ್ಚಿಸಿ ಹೊಸದು. 2023ರ ಜೂನ್‌ನಿಂದ ಕೇರಳದ ಕ್ಯಾಮೆರಾಗಳು ದಂಡ ಹಾಕತೊಡಗಿದ ಮೇಲೆ ಚಲನ್ ಬಾಕಿ ನೋಡುವುದೂ ನಿಮಗೆ ಅಭ್ಯಾಸವಾಗಿದೆ. ಇಷ್ಟನ್ನೂ ನೀವು ಅಚ್ಚುಕಟ್ಟಾಗಿ ಮಾಡಿಸಿಕೊಡುತ್ತೀರಿ. ಗಾಡಿ ಮನೆಗೆ ಬಂದ ಮೇಲೆ ಮಗಳು ಕಂಪನಿಯ ಆ್ಯಪ್ ಇಳಿಸಿಕೊಂಡು ಚಾಸಿಸ್ ನಂಬರು ಹಾಕುತ್ತಾಳೆ. ಈ ವಾಹನ ಈಗಾಗಲೇ ಬೇರೆಯವರ ಅಕೌಂಟಿನಲ್ಲಿದೆ ಎಂದು ಉತ್ತರ ಬರುತ್ತದೆ. ಒಟಿಪಿ ಹೋಗುವುದು ಬೆಂಗಳೂರಿನ ಹಳೆಯ ಮಾಲೀಕರ ಮೊಬೈಲಿಗೆ. ಅವರು ಕೆಲಸದ ಮೇಲೆ ಹೊರದೇಶಕ್ಕೆ ಹೋಗಿದ್ದರೆ, ಆ ನಂಬರನ್ನೇ ಬಿಟ್ಟಿದ್ದರೆ, ಮುಂದೆ?

ಇದರ ಒಳಗಿನ ಕೆಲಸ ತಿಳಿದರೆ ತೊಡಕು ಎಲ್ಲಿದೆ ಎಂಬುದು ಗೊತ್ತಾಗುತ್ತದೆ. ಇಂಥ ಕಾರಿನೊಳಗೆ ಒಂದು ಪುಟ್ಟ ಸಂವಹನ ಪೆಟ್ಟಿಗೆ, ಅದರೊಳಗೆ ಒಂದು ಸಿಮ್ ಇರುತ್ತದೆ. ಅದು ಕಂಪನಿಯ ಸರ್ವರ್ ಜೊತೆ ಮಾತಾಡುತ್ತದೆ. ಯಾವ ಕಾರಿಗೆ ಯಾವ ಸೌಲಭ್ಯ ತೆರೆದಿದೆ, ಎಲ್ಲಿಯ ತನಕ ತೆರೆದಿದೆ ಎಂಬ ಪಟ್ಟಿ ಇರುವುದು ಆ ಸರ್ವರಿನಲ್ಲಿ. ಪಟ್ಟಿಯಲ್ಲಿ ಸೌಲಭ್ಯವನ್ನು ಚಾಸಿಸ್ ನಂಬರಿಗೆ ಕಟ್ಟಿದ್ದರೆ ಅದು ಗಾಡಿಯ ಜೊತೆ ಬರುತ್ತದೆ. ಮಾಲೀಕರ ಮೊಬೈಲ್ ನಂಬರಿಗೆ, ಅಕೌಂಟಿಗೆ ಕಟ್ಟಿದ್ದರೆ ಅವರ ಜೊತೆಯೇ ಹೋಗುತ್ತದೆ, ಅಥವಾ ಇಬ್ಬರಿಗೂ ಇಲ್ಲದಂತಾಗುತ್ತದೆ. ಕಾರಿನಲ್ಲಿ ತಂತಿ, ಕ್ಯಾಮೆರಾ, ರಡಾರ್ ಎಲ್ಲವೂ ಹಾಗೇ ಇರುತ್ತವೆ. ನಿಮ್ಮ ಮೆಕ್ಯಾನಿಕ್ ಎಷ್ಟೇ ನಿಪುಣನಾದರೂ ಸ್ಪ್ಯಾನರ್ ಹಿಡಿದು ಇದನ್ನು ಕಂಡುಹಿಡಿಯಲಾರ.

ಅಮೆರಿಕದಲ್ಲಿ ನಡೆದ ಒಂದು ಪ್ರಸಂಗ ನಿಮ್ಮ ವ್ಯಾಪಾರಕ್ಕೆ ಬಹಳ ಹತ್ತಿರದ್ದು, ಏಕೆಂದರೆ ಅಲ್ಲಿ ನಡುವೆ ಸಿಕ್ಕಿಬಿದ್ದವರು ನಿಮ್ಮಂಥ ಡೀಲರ್. 2019ರ ನವೆಂಬರಿನಲ್ಲಿ ಒಬ್ಬ ಹಳೆ ಕಾರು ವ್ಯಾಪಾರಿ ಟೆಸ್ಲಾ ಕಂಪನಿಯೇ ನಡೆಸಿದ ಹರಾಜಿನಲ್ಲಿ ಒಂದು ಮಾಡೆಲ್ ಎಸ್ ಕೊಂಡರು. ಚಾಲಕನಿಗೆ ನೆರವಾಗುವ ಆಟೊಪೈಲಟ್ ಮತ್ತು ಫುಲ್ ಸೆಲ್ಫ್ ಡ್ರೈವಿಂಗ್ ಸೌಲಭ್ಯಗಳು ಅದರಲ್ಲಿದ್ದವು. ಹೊಸದಾಗಿ ಹಾಕಿಸಿದರೆ ಅವುಗಳ ಬೆಲೆ 8,000 ಡಾಲರ್. ಡಿಸೆಂಬರಿನಲ್ಲಿ ಆ ಗಾಡಿಯನ್ನು ಗಿರಾಕಿಗೆ ಮಾರಿದರು. ಅಷ್ಟರಲ್ಲಿ ಕಂಪನಿ ತನ್ನ ಲೆಕ್ಕ ಪರಿಶೀಲಿಸಿ, ಈ ಕಾರಿನಲ್ಲಿ ಆ ಸೌಲಭ್ಯಗಳಿಗೆ ಹಣ ಸಂದಾಯವಾಗಿಲ್ಲ ಎಂದು ತೀರ್ಮಾನಿಸಿ, ದೂರದಿಂದಲೇ ಅವುಗಳನ್ನು ತೆಗೆದುಹಾಕಿತ್ತು. ಬೇಕಿದ್ದರೆ ಮತ್ತೆ ಹಣ ಕಟ್ಟಿ ಎಂಬ ಉತ್ತರ ಗಿರಾಕಿಗೆ ಸಿಕ್ಕಿತು. 2020ರ ಫೆಬ್ರವರಿಯಲ್ಲಿ ಸುದ್ದಿ ಪತ್ರಿಕೆಗಳಿಗೆ ಬಂದು ಗಲಾಟೆಯಾದ ಮೇಲೆ ಸೌಲಭ್ಯವನ್ನು ಮರಳಿಸಿದರು.

2022ರದ್ದು ಇನ್ನೂ ಕಣ್ಣಿಗೆ ಹೊಡೆಯುವಂಥದ್ದು. 2013ರ ಒಂದು ಟೆಸ್ಲಾ, 60 ಕಿಲೊವ್ಯಾಟ್ ಅವರ್ ಬ್ಯಾಟರಿಯದ್ದು. ವಾರಂಟಿಯಲ್ಲಿ ಬ್ಯಾಟರಿ ಬದಲಿಸುವಾಗ ಕಂಪನಿಯೇ 90ರ ಬ್ಯಾಟರಿ ಹಾಕಿತ್ತು. ಅದಾಗಿ ವರ್ಷಗಳ ಮೇಲೆ ಮೂರನೇ ಮಾಲೀಕರ ಕೈಯಲ್ಲಿದ್ದಾಗ, ದಾಖಲೆಯಲ್ಲಿ ಇದು 60ರ ಗಾಡಿ ಎಂದು ಹೇಳಿ ಸಾಫ್ಟ್‌ವೇರ್ ಮೂಲಕ ಅದನ್ನು ಮತ್ತೆ 60ಕ್ಕೆ ಇಳಿಸಲಾಯಿತು. ಓಡುವ ದೂರದಲ್ಲಿ ಸುಮಾರು ಮೂರನೇ ಒಂದು ಪಾಲು ಹೋಯಿತು. ತೆರೆದುಕೊಡಲು ಕೇಳಿದ್ದು 4,500 ಡಾಲರ್. ಬ್ಯಾಟರಿ ಕಾರಿನ ಹೊಟ್ಟೆಯಲ್ಲೇ ಇತ್ತು, ಅದನ್ನು ಬಳಸುವ ಅನುಮತಿ ಮಾತ್ರ ಹೋಗಿತ್ತು. ಇದೂ ಬಯಲಿಗೆ ಬಂದ ಮೇಲೆಯೇ ಸರಿಯಾಯಿತು.

ಎರಡೂ ಕಡೆ ನ್ಯಾಯ ಸಿಕ್ಕಿದ್ದು ಕಾನೂನಿನಿಂದಲ್ಲ, ಪತ್ರಿಕೆಗಳ ಸದ್ದಿನಿಂದ. ಪೆರ್ಲದ ಕೃಷಿಕರಿಗೆ ಆ ಸದ್ದು ಎಲ್ಲಿಂದ ತರುವುದು?

ಟೆಸ್ಲಾ ನಮ್ಮ ಊರಿಗೆ ಬರಲು ಕಾಲ ಇದೆ ಎಂದು ನೀವು ಹೇಳಬಹುದು. 2025ರ ಜುಲೈಯಲ್ಲಿ ಅದು ಮುಂಬೈಗೆ ಬಂತು, ಫುಲ್ ಸೆಲ್ಫ್ ಡ್ರೈವಿಂಗಿಗೆ 6 ಲಕ್ಷ ರೂಪಾಯಿ ಬೇರೆ ಎಂದು ಬೆಲೆಪಟ್ಟಿಯಲ್ಲಿ ಹಾಕಿತು. ಆರು ಲಕ್ಷಕ್ಕೆ ನಮ್ಮಲ್ಲಿ ಒಂದು ಒಳ್ಳೆಯ ಹಳೆ ಕಾರೇ ಬರುತ್ತದೆ. ಆ ಮಾತು ಇರಲಿ. ನಿಮ್ಮ ಶೆಡ್ಡಿನಲ್ಲಿ ಈಗ ನಿಂತಿರುವ ಗಾಡಿಗಳನ್ನೇ ನೋಡಿ. 2019ರ ಮೇ ತಿಂಗಳಲ್ಲಿ ಹ್ಯುಂಡೈ ವೆನ್ಯೂ ಬ್ಲೂಲಿಂಕ್ ಜೊತೆ ಬಂತು, ಜೂನಿನಲ್ಲಿ ಎಂಜಿ ಹೆಕ್ಟರ್ ಇಂಟರ್ನೆಟ್ ಕಾರು ಎಂಬ ಹೆಸರಿನಲ್ಲಿ ಬಂತು, ಆಗಸ್ಟಿನಲ್ಲಿ ಕಿಯಾ ಸೆಲ್ಟೋಸ್ ಬಂತು. ವೆನ್ಯೂ, ಸೆಲ್ಟೋಸ್‌ಗಳಿಗೆ ಕಂಪನಿ ಕೊಟ್ಟದ್ದು ಮೂರು ವರ್ಷದ ಉಚಿತ ಸಂಪರ್ಕ. ಆ ಮೂರು ವರ್ಷ ಎಣಿಕೆಯಾಗುವುದು ಮೊದಲು ಮಾರಾಟವಾದ ದಿನದಿಂದ. ಅಂದರೆ 2019ರ ಗಾಡಿಯ ಉಚಿತ ಅವಧಿ 2022ಕ್ಕೇ ಮುಗಿದಿದೆ. ನಡುವೆ ಯಾರಾದರೂ ಚಂದಾ ಕಟ್ಟಿದ್ದರೆ ಉಂಟು, ಇಲ್ಲವಾದರೆ ಇಲ್ಲ. ಆದರೂ ಮಾರಾಟದ ಫೋಟೋದ ಕೆಳಗೆ "ಫುಲ್ ಆಪ್ಷನ್, ಕನೆಕ್ಟೆಡ್ ಕಾರ್" ಎಂದೇ ಬರೆದಿರುತ್ತದೆ.

ಇದರಲ್ಲಿ ನನ್ನನ್ನು ಹೆಚ್ಚು ಚಿಂತೆಗೆ ಹಚ್ಚುವುದು ಮೊಬೈಲಿನಿಂದ ಎಸಿ ಹಾಕುವ ಸುಖವಲ್ಲ, ಎಸ್‌ಒಎಸ್ ಗುಂಡಿ. ಅಪಘಾತವಾದಾಗ ಒತ್ತಿದರೆ ನೆರವಿನ ಕೇಂದ್ರಕ್ಕೆ ಕರೆ ಹೋಗಬೇಕು. ಚಂದಾ ಮುಗಿದರೆ ಗುಂಡಿ ಇದ್ದಲ್ಲೇ ಇರುತ್ತದೆ, ಕರೆ ಹೋಗುವುದಿಲ್ಲ. ರಾತ್ರಿ ಮುಳ್ಳೇರಿಯ ದಾಟಿ ಕಾಡಿನ ದಾರಿಯಲ್ಲಿ ಹೋಗುವ ಕುಟುಂಬ ಆ ಗುಂಡಿ ಕೆಲಸ ಮಾಡುತ್ತದೆಂದು ನಂಬಿಕೊಂಡಿರುತ್ತದೆ. ಈ ಒಂದನ್ನಾದರೂ ಮಾರುವ ಮೊದಲು ನೋಡಿ ಹೇಳಿ, ಉಳಿದದ್ದನ್ನು ಆಮೇಲೆ ಮಾತಾಡೋಣ.

ಟ್ಯಾಕ್ಸಿ, ಬಸ್ಸು, ಟೂರಿಸ್ಟ್ ವ್ಯಾನ್ ಮಾರುವವರಿಗೆ ಇದು ಹೊಸ ವಿಷಯವೇ ಅಲ್ಲ. ಸ್ಥಳ ತೋರಿಸುವ ವಿಎಲ್‌ಟಿಡಿ ಪೆಟ್ಟಿಗೆಯ ಸಿಮ್ ಅವಧಿ ಮುಗಿದಿದ್ದರೆ ಫಿಟ್‌ನೆಸ್ ಹೊತ್ತಿಗೆ ಎಷ್ಟು ಓಡಾಟ ಎಂದು ನಿಮಗೇ ಗೊತ್ತು. ಆ ಎಚ್ಚರ ಖಾಸಗಿ ಕಾರುಗಳಿಗೂ ಬರಬೇಕು.

ವಿದ್ಯುತ್ ಕಾರುಗಳಲ್ಲಿ ಈ ಪ್ರಶ್ನೆ ಬ್ಯಾಟರಿಯ ತನಕ ಹೋಗಿದೆ. 2024ರ ಸೆಪ್ಟೆಂಬರಿನಲ್ಲಿ ಬಂದ ಎಂಜಿ ವಿಂಡ್ಸರ್ ಕಾರಿನ ಬ್ಯಾಟರಿಗೆ ಜೀವಮಾನದ ವಾರಂಟಿ ಇದೆ, ಮೊದಲ ಮಾಲೀಕರಿಗೆ ಮಾತ್ರ. ಗಾಡಿ ಕೈಬದಲಾದರೆ ಅದು 8 ವರ್ಷ ಅಥವಾ 1.6 ಲಕ್ಷ ಕಿಲೋಮೀಟರಿಗೆ ಇಳಿಯುತ್ತದೆ. ಅದೇ ವರ್ಷ ನವೆಂಬರಿನಲ್ಲಿ ಬಂದ ಮಹೀಂದ್ರ ಬಿಇ 6, ಎಕ್ಸ್‌ಇವಿ 9ಇ ಕಾರುಗಳಲ್ಲೂ ಹೀಗೆಯೇ. ಎರಡನೆಯವರಿಗೆ 10 ವರ್ಷ ಅಥವಾ 2 ಲಕ್ಷ ಕಿಲೋಮೀಟರ್. ಇದನ್ನು ನಾನು ಮೋಸ ಎನ್ನುವುದಿಲ್ಲ, ಕಂಪನಿಗಳು ಷರತ್ತನ್ನು ಬಾಯಿಬಿಟ್ಟು ಹೇಳಿವೆ. ಆದರೆ ಹೊಸ ಕಾರಿನ ಜಾಹೀರಾತಿನಲ್ಲಿ ಜೀವಮಾನ ಎಂದು ಕೇಳಿದವರು ಹಳೆ ಕಾರಿಗೂ ಅದೇ ಲೆಕ್ಕ ಹಾಕುತ್ತಾರೆ. ಹಾಗಲ್ಲ ಎಂದು ಹೇಳಬೇಕಾದವರು ನೀವು. ವಿಂಡ್ಸರಿನಲ್ಲೇ ಇನ್ನೊಂದು ಬಗೆ ಇದೆ: ಬ್ಯಾಟರಿ ಬಿಟ್ಟು 9.99 ಲಕ್ಷಕ್ಕೆ ಕಾರು, ಬ್ಯಾಟರಿಗೆ ಕಿಲೋಮೀಟರಿಗೆ 3.5 ರೂಪಾಯಿಯಂತೆ ಬಾಡಿಗೆ ಎಂದು ಆರಂಭದಲ್ಲಿ ಪ್ರಕಟಿಸಿದ್ದರು. ಆ ಬ್ಯಾಟರಿಯ ಕರಾರು ಫೈನಾನ್ಸ್ ಸಂಸ್ಥೆಯ ಜೊತೆಗಿನದು. ಅಂಥ ಗಾಡಿ ನಿಮ್ಮ ಬಳಿ ಬಂದಾಗ ಆ ಕರಾರು ತೀರಿದೆಯೇ, ಯಾರ ಹೆಸರಿಗೆ ಹೋಗುತ್ತದೆ ಎಂದು ಕೇಳದೆ ಬೆಲೆ ಹೇಳಬೇಡಿ.

ದುಬೈ, ಶಾರ್ಜಾದಲ್ಲಿರುವ ನಮ್ಮ ಹುಡುಗರು ಈ ವಿಷಯದಲ್ಲಿ ಚುರುಕು. ಅಲ್ಲಿ ಹಳೆ ಗಾಡಿ ನೋಡಿದ ಕೂಡಲೇ ಜಿಸಿಸಿ ಸ್ಪೆಕ್ಕೋ ಅಮೆರಿಕನ್ ಸ್ಪೆಕ್ಕೋ, ಅಂದರೆ ಕೊಲ್ಲಿ ದೇಶಗಳಿಗೆಂದು ತಯಾರಾದದ್ದೋ ಅಮೆರಿಕಕ್ಕೆಂದು ತಯಾರಾದದ್ದೋ ಎಂದು ಕೇಳುತ್ತಾರೆ, ಆ ಉತ್ತರದ ಮೇಲೆ ಬೆಲೆ ನಿಲ್ಲುತ್ತದೆ. ಆ್ಯಪ್ ಯಾರ ಹೆಸರಿನಲ್ಲಿದೆ, ಎಲ್ಲಿಯ ತನಕ ಇದೆ ಎಂಬ ಪ್ರಶ್ನೆ ಇಲ್ಲಿ ಅಷ್ಟೇ ಸಲೀಸಾಗಿ ಬಾಯಿಗೆ ಬರಬೇಕು.

ಈಗ ನ್ಯಾಯ ಯಾವುದು ಎಂಬ ಮಾತಿಗೆ ಬರುತ್ತೇನೆ. ನಿಮ್ಮ ವ್ಯಾಪಾರದಲ್ಲೇ ಅದಕ್ಕೆ ಸ್ಪಷ್ಟ ಉತ್ತರ ಇದೆ. ಇನ್ಶೂರೆನ್ಸ್ ನೋಡಿ. 1988ರ ಮೋಟಾರು ವಾಹನ ಕಾಯ್ದೆಯ 157ನೇ ಕಲಮಿನ ಪ್ರಕಾರ ಗಾಡಿ ಮಾರಿದ ದಿನವೇ ಥರ್ಡ್ ಪಾರ್ಟಿ ವಿಮೆ ಹೊಸ ಮಾಲೀಕರಿಗೆ ಸೇರಿತು ಎಂದೇ ಲೆಕ್ಕ. ಹೆಸರು ಬದಲಿಸಲು 14 ದಿನದೊಳಗೆ ಅರ್ಜಿ ಕೊಡಬೇಕು. ನೋ ಕ್ಲೇಮ್ ಬೋನಸ್ ಮಾತ್ರ ಹಾಗಲ್ಲ. ಅದು ಹಳೆ ಮಾಲೀಕರು ಜಾಗ್ರತೆಯಿಂದ ಓಡಿಸಿ ಗಳಿಸಿದ್ದು, ಅವರ ಜೊತೆಯೇ ಹೋಗುತ್ತದೆ. ಇದನ್ನು ನೀವು ದಿನವೂ ಗಿರಾಕಿಗಳಿಗೆ ವಿವರಿಸುತ್ತೀರಿ, ಯಾರೂ ತಕರಾರು ಮಾಡುವುದಿಲ್ಲ, ಏಕೆಂದರೆ ಅದು ಸರಿಯಾದ ಹಂಚಿಕೆ. ಗಾಡಿಗಾಗಿ ಕಟ್ಟಿದ್ದು ಗಾಡಿಯ ಜೊತೆ, ಮನುಷ್ಯನ ಗಳಿಕೆ ಮನುಷ್ಯನ ಜೊತೆ. ಸಾಫ್ಟ್‌ವೇರಿಗೂ ಇದೇ ಅಳತೆ ಸಾಕು. ಒಮ್ಮೆಗೆ ಪೂರ್ತಿ ಹಣ ಕೊಟ್ಟು ತೆರೆಸಿದ ಸೌಲಭ್ಯ, ಅದು ಚಾಲನೆಯ ನೆರವಿರಲಿ, ಹೆಚ್ಚಿನ ಶಕ್ತಿಯಿರಲಿ, ನಕಾಶೆಯಿರಲಿ, ಆ ಕಾರಿಗೆ ಸೇರಿದ್ದು. ತಿಂಗಳಿಗೋ ವರ್ಷಕ್ಕೋ ಕಟ್ಟಿದ ಚಂದಾದಲ್ಲಿ ಉಳಿದ ದಿನಗಳೂ ಕಾರಿಗೇ ಸೇರಬೇಕು, ಹಣ ಬಂದದ್ದು ಆ ಕಾರಿನ ಹೆಸರಿನಲ್ಲಿ ತಾನೇ. ಹಳೆ ಮಾಲೀಕರ ಹಾಡುಗಳು, ಹೋದ ಊರುಗಳ ದಾಖಲೆ, ಫೋನ್ ನಂಬರುಗಳು ಅವರವು, ಅಳಿಸಿಯೇ ಗಾಡಿ ಕೊಡಬೇಕು.

ಸಾಫ್ಟ್‌ವೇರ್ ಅಂದರೆ ಕೇವಲ ಅನುಮತಿ, ವಸ್ತುವಲ್ಲ ಎಂದು ಕಂಪನಿಗಳ ಷರತ್ತುಪತ್ರ ಹೇಳುತ್ತದೆ. ಆದರೆ 2004ರ ನವೆಂಬರಿನಲ್ಲಿ ಟಾಟಾ ಕನ್ಸಲ್ಟೆನ್ಸಿ ಸರ್ವಿಸಸ್ ಮತ್ತು ಆಂಧ್ರಪ್ರದೇಶ ಸರಕಾರದ ನಡುವಿನ ಪ್ರಕರಣದಲ್ಲಿ ನಮ್ಮ ಸುಪ್ರೀಂ ಕೋರ್ಟ್, ಸಿಡಿಯಂಥ ಮಾಧ್ಯಮದಲ್ಲಿ ತುಂಬಿಸಿ ಮಾರುವ ಸಿದ್ಧ ಸಾಫ್ಟ್‌ವೇರ್ ಸರಕೇ ಎಂದು ತೀರ್ಪು ಕೊಟ್ಟಿದೆ. ಅದು ಮಾರಾಟ ತೆರಿಗೆಯ ವ್ಯಾಜ್ಯ, ಕಾರಿನದ್ದಲ್ಲ. ಆದರೂ ತೆರಿಗೆ ಹಾಕುವಾಗ ಸರಕಾದದ್ದು ಮರುಮಾರಾಟದ ಹೊತ್ತಿಗೆ ಗಾಳಿಯಾಗಬಾರದು ಎಂಬುದು ನನ್ನ ಗಟ್ಟಿ ಅಭಿಪ್ರಾಯ. ಯುರೋಪಿನ ನ್ಯಾಯಾಲಯ 2012ರ ಜುಲೈಯಲ್ಲಿ ಯೂಸ್ಡ್‌ಸಾಫ್ಟ್ ಮತ್ತು ಒರಾಕಲ್ ಪ್ರಕರಣದಲ್ಲಿ ಇನ್ನೂ ಮುಂದೆ ಹೋಯಿತು: ಒಮ್ಮೆ ಹಣ ಪಡೆದು ಕಾಲಮಿತಿ ಇಲ್ಲದೆ ಕೊಟ್ಟ ಸಾಫ್ಟ್‌ವೇರ್ ಪ್ರತಿಯನ್ನು ಕೊಂಡವನು ಬೇರೆಯವರಿಗೆ ಮಾರುವುದನ್ನು ಕಂಪನಿ ತಡೆಯುವಂತಿಲ್ಲ ಎಂದಿತು.

ನಮ್ಮ ಗ್ರಾಹಕ ಕಾನೂನಿನ ಬಗ್ಗೆ ನಿಮಗೆ ಎರಡು ಮಾತು ಹೇಳಲೇಬೇಕು, ನಿಮ್ಮ ಜೇಬಿಗೆ ತಾಗುವ ವಿಷಯ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಲ್ಲಿ ಮರುಮಾರಾಟಕ್ಕಾಗಿ ಕೊಳ್ಳುವವರು ಗ್ರಾಹಕರಲ್ಲ. ಅಂದರೆ ಮೂಲ ಮಾಲೀಕರೋ ಕಂಪನಿಯೋ ನಿಮಗೆ ಕೈಕೊಟ್ಟರೆ ನೀವು ಗ್ರಾಹಕ ಆಯೋಗಕ್ಕೆ ಹೋಗಲಾರಿರಿ. ಆದರೆ ನಿಮ್ಮಿಂದ ಸ್ವಂತಕ್ಕೆ ಕೊಂಡ ಪೆರ್ಲದವರು ಹೋಗಬಹುದು, ಅದೂ ನಿಮ್ಮ ಮೇಲೆಯೇ. ಇಲ್ಲದ ಸೌಲಭ್ಯವನ್ನು ಇದೆ ಎಂದು ಹೇಳಿ ಮಾರುವುದು ಆ ಕಾಯ್ದೆಯಲ್ಲಿ ಅನುಚಿತ ವ್ಯಾಪಾರ ಪದ್ಧತಿ. ಕಾಸರಗೋಡಿನ ಜಿಲ್ಲಾ ಆಯೋಗದಲ್ಲೇ ದೂರು ಕೊಡಬಹುದು, ಕೊಂಡ ಬೆಲೆ 5 ಲಕ್ಷದ ಒಳಗಿದ್ದರೆ ಶುಲ್ಕವೇ ಇಲ್ಲ. ಕಂಪನಿಯ ಷರತ್ತೇ ಅನ್ಯಾಯದ್ದು ಎಂದು ಪ್ರಶ್ನಿಸಬೇಕಾದರೆ ಮಾತ್ರ ಜಿಲ್ಲಾ ಆಯೋಗಕ್ಕೆ ಆ ಅಧಿಕಾರ ಇಲ್ಲ, ತಿರುವನಂತಪುರದ ರಾಜ್ಯ ಆಯೋಗದ ಮುಂದೆ ಹೋಗಬೇಕು. ರಾಜ್ಯದ ಈ ತುದಿಯಿಂದ ಆ ತುದಿಗೆ, ಐನೂರಕ್ಕೂ ಹೆಚ್ಚು ಕಿಲೋಮೀಟರ್. ಆನ್‌ಲೈನಿನಲ್ಲಿ ದೂರು ಹಾಕುವ ದಾರಿ ಇದ್ದರೂ ಒಂದು ಆ್ಯಪಿಗಾಗಿ ಸಾಮಾನ್ಯ ಗಿರಾಕಿ ಅಷ್ಟು ದೂರದ ವ್ಯಾಜ್ಯಕ್ಕೆ ಕೈಹಾಕುವುದಿಲ್ಲ. ಕಂಪನಿಯ ತಪ್ಪಿಗೂ ಹತ್ತಿರ ಸಿಗುವ ಎದುರಾಳಿ ನೀವೇ ಆಗುತ್ತೀರಿ. ಇದು ನಿಮಗೂ ಅನ್ಯಾಯ.

ಹಳೆ ಮಾಲೀಕರ ಅಕೌಂಟ್ ಕಾರಿನಲ್ಲೇ ಉಳಿದರೆ ಬರುವ ಇನ್ನೊಂದು ಅಪಾಯವನ್ನು ನಾನು ಸಣ್ಣದೆಂದು ಎಣಿಸುವುದಿಲ್ಲ. ಐಬಿಎಂ ಕಂಪನಿಯ ಭದ್ರತಾ ತಜ್ಞ ಚಾರ್ಲ್ಸ್ ಹೆಂಡರ್ಸನ್ 2017ರಲ್ಲಿ ಒಂದು ಸಮ್ಮೇಳನದಲ್ಲಿ ತಮ್ಮದೇ ಅನುಭವ ಹೇಳಿದರು. ಹಳೆ ಕಾರನ್ನು ಡೀಲರಿಗೆ ಕೊಟ್ಟು ವರ್ಷಗಳಾಗಿದ್ದರೂ, ತಮ್ಮ ಮಾಹಿತಿಯನ್ನೆಲ್ಲ ಕಾರಿನಿಂದ ಅಳಿಸಿ ಕೊಟ್ಟಿದ್ದರೂ, ಫೋನಿನ ಆ್ಯಪಿನಲ್ಲಿ ಆ ಕಾರು ಎಲ್ಲಿದೆ ಎಂದು ಕಾಣುತ್ತಿತ್ತು, ಬಾಗಿಲ ಬೀಗ ತೆಗೆಯಬಹುದಿತ್ತು. ಅವರು ಸಜ್ಜನರು, ಬಹಿರಂಗವಾಗಿ ಹೇಳಿದರು. ನಮ್ಮಲ್ಲಿ ಆರ್‌ಸಿ ಹೆಸರು ಬದಲಾಗಲು ವಾರಗಳು ಹಿಡಿಯುತ್ತವೆ. ರಾಜ್ಯ ದಾಟಿ ಬಂದ ಗಾಡಿಗೆ ಇನ್ನೂ ಹೆಚ್ಚು. ಹೊಸ ಆರ್‌ಸಿ ತೋರಿಸದೆ ಅಕೌಂಟ್ ಬದಲಾಯಿಸಿಕೊಡುವುದಿಲ್ಲ ಎಂದು ಕಂಪನಿ ಹೇಳಿದರೆ, ಅಷ್ಟೂ ದಿನ ಒಬ್ಬ ಅಪರಿಚಿತನ ಫೋನಿನಲ್ಲಿ ಈ ಮನೆಯ ಗಾಡಿ ಎಲ್ಲಿ ಹೋಯಿತು, ಯಾವ ಹೊತ್ತಿಗೆ ಮರಳಿತು ಎಂಬುದೆಲ್ಲ ಕಾಣುತ್ತಿರುತ್ತದೆ. ಸಂಜೆ ಒಬ್ಬಳೇ ಗಾಡಿ ಓಡಿಸಿಕೊಂಡು ಬರುವ ಹೆಣ್ಣುಮಗಳ ಮನೆಯವರಿಗೆ ಇದನ್ನು ಹೇಳದೆ ಕೀ ಕೊಡುವುದು ತಪ್ಪು.

ಇಲ್ಲಿ ನಿಮ್ಮ ವ್ಯಾಪಾರದ ಒಂದು ಹಳೆ ಪದ್ಧತಿಯ ಬಗ್ಗೆ ಮುಚ್ಚುಮರೆ ಇಲ್ಲದೆ ಮಾತಾಡಬೇಕು. ಫಾರ್ಮ್ 29, 30ಕ್ಕೆ ಸಹಿ ಮಾತ್ರ ಹಾಕಿಸಿ, ಕೊಳ್ಳುವವರ ಹೆಸರು ಖಾಲಿ ಬಿಟ್ಟು, ಗಾಡಿ ಎರಡು ಮೂರು ಬ್ರೋಕರುಗಳ ಕೈ ದಾಟುವುದು. ಇದರ ಅಪಾಯ ಹಿಂದೆಯೇ ಗೊತ್ತಿತ್ತು. 2018ರ ಫೆಬ್ರವರಿಯಲ್ಲಿ ನವೀನ್ ಕುಮಾರ್ ಮತ್ತು ವಿಜಯ್ ಕುಮಾರ್ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಗಾಡಿ ಎಷ್ಟು ಕೈ ದಾಟಿದ್ದರೂ ಆರ್‌ಸಿಯಲ್ಲಿ ಹೆಸರಿರುವವನೇ ಅಪಘಾತದ ಪರಿಹಾರಕ್ಕೆ ಹೊಣೆ ಎಂದಿತು. ಈಗ ಅದಕ್ಕೆ ಮತ್ತೊಂದು ತೊಡಕು ಕೂಡಿಕೊಂಡಿದೆ. ನಡುವಿನ ಕೈಗಳು ಹೆಚ್ಚಿದಷ್ಟೂ ಮೊದಲ ಮಾಲೀಕರನ್ನು ಹುಡುಕುವುದು ಕಷ್ಟ, ಅವರ ಒಟಿಪಿ ಇಲ್ಲದೆ ಆ್ಯಪ್ ಬಿಡುವುದಿಲ್ಲ. 2022ರ ಡಿಸೆಂಬರಿನಲ್ಲಿ ಕೇಂದ್ರ ಸರಕಾರ ಹೊರಡಿಸಿ 2023ರ ಏಪ್ರಿಲಿನಿಂದ ಜಾರಿಗೆ ತಂದ ನಿಯಮಗಳಲ್ಲಿ ಅಧಿಕೃತ ಡೀಲರಿಗೆ ಸ್ಪಷ್ಟ ಸ್ಥಾನ ಇದೆ. ಗಾಡಿ ನಿಮ್ಮ ವಶಕ್ಕೆ ಬಂದದ್ದನ್ನು ಫಾರ್ಮ್ 29ಸಿಯಲ್ಲಿ ತಿಳಿಸಿದರೆ ಎನ್‌ಒಸಿಗೆ, ಮಾಲೀಕತ್ವ ಬದಲಾವಣೆಗೆ ನೀವೇ ಅರ್ಜಿ ಹಾಕಬಹುದು. ಸರಕಾರದ ಪುಸ್ತಕದಲ್ಲಿ ನಿಮಗೆ ಈ ಸ್ಥಾನ ಇರುವಾಗ ಕಂಪನಿಯ ಸರ್ವರಿನಲ್ಲೂ ಅದು ಇರಬೇಕು. ಅಧಿಕೃತ ಡೀಲರ್ ಅರ್ಜಿ ಹಾಕಿದರೆ ಹಳೆ ಅಕೌಂಟನ್ನು ಕಂಪನಿ ಬಿಡಿಸಿಕೊಡಬೇಕು ಎಂದು ನಿಮ್ಮ ಸಂಘಗಳು ಒಟ್ಟಾಗಿ ಕೇಳಬೇಕು. ನಿಮ್ಮ ಮಾರ್ಜಿನಿನ ಮೇಲೆ ಶೇಕಡಾ 18 ಜಿಎಸ್‌ಟಿ ಕಟ್ಟುವವರು ನೀವು. ಕೇಳುವ ಹಕ್ಕು ನಿಮಗಿದೆ.

ಕೇಳಿದರೆ ಆಗುತ್ತದೆಯೇ? ಆಗಿದೆ. ಬಿಎಂಡಬ್ಲ್ಯು ಕಂಪನಿ ಫೋನನ್ನು ಕಾರಿನ ಪರದೆಗೆ ಜೋಡಿಸುವ ಕಾರ್‌ಪ್ಲೇಗೆ ಅಮೆರಿಕದಲ್ಲಿ ವರ್ಷಕ್ಕೆ 80 ಡಾಲರ್ ಕೇಳಿತ್ತು, ಜನ ಒಪ್ಪಲಿಲ್ಲ, 2019ರ ಕೊನೆಗೆ ಬಿಟ್ಟಿತು. ಸೀಟು ಬೆಚ್ಚಗಾಗಿಸಲು ತಿಂಗಳ ಚಂದಾ ಇಟ್ಟಿತು, 2023ರಲ್ಲಿ ಅದನ್ನೂ ಕೈಬಿಟ್ಟಿತು. ಇನ್ನೊಂದು ಕಡೆ, 2025ರಲ್ಲಿ ಬ್ರಿಟನ್ನಿನಲ್ಲಿ ಫೋಕ್ಸ್‌ವ್ಯಾಗನ್ ತನ್ನ ಐಡಿ 3 ಕಾರಿನ ಹೆಚ್ಚುವರಿ ಶಕ್ತಿಯನ್ನು ಸಾಫ್ಟ್‌ವೇರ್ ಮೂಲಕ ಮಾರತೊಡಗಿತು: ತಿಂಗಳಿಗೆ 16.50 ಪೌಂಡ್, ಅಥವಾ ಒಂದೇ ಸಲಕ್ಕೆ 649 ಪೌಂಡ್. ಕಾರಿನಲ್ಲಿ ಇರುವ ಶಕ್ತಿಗೇ ಮತ್ತೆ ಬೆಲೆ ಕಟ್ಟುವುದು ನನಗೆ ಹಿಡಿಸುವುದಿಲ್ಲ. ಆದರೆ ಒಂದೇ ಸಲಕ್ಕೆ ಕೊಂಡದ್ದು ಮನುಷ್ಯನಿಗಲ್ಲ, ಕಾರಿಗೆ ಸೇರಿದ್ದು, ಮಾರಿದರೂ ಅದರ ಜೊತೆಗೇ ಹೋಗುತ್ತದೆ ಎಂದು ಅವರು ಹೇಳಿದ್ದಾರೆ. ಅಲ್ಲಿ ಆಗುವುದು ಇಲ್ಲಿ ಆಗದಿರಲು ತಾಂತ್ರಿಕ ಕಾರಣ ಯಾವುದೂ ಇಲ್ಲ.

ಕಾನೂನು ಬರುವ ತನಕ ಕಾಯಬೇಕಿಲ್ಲ. ನಿಮ್ಮ ಕರಾರುಪತ್ರದಲ್ಲಿ ಇಷ್ಟು ಸೇರಿಸಿ, ನಾನು ಬರೆದುಕೊಡುತ್ತೇನೆ:

"ಈ ವಾಹನದಲ್ಲಿ ಇಂದು ಕೆಲಸ ಮಾಡುತ್ತಿರುವ ಕಂಪನಿ ಆ್ಯಪ್, ತುರ್ತು ಕರೆ, ನಕಾಶೆ, ಚಾಲನಾ ನೆರವು ಹಾಗೂ ಹಣ ಕೊಟ್ಟು ತೆರೆಸಿದ ಇತರ ಸಾಫ್ಟ್‌ವೇರ್ ಸೌಲಭ್ಯಗಳ ಹೆಸರು ಮತ್ತು ಅವಧಿ ಮುಗಿಯುವ ತಾರೀಕು ಕೆಳಗೆ ಬರೆದಂತೆ ಇರುತ್ತವೆ. ಬ್ಯಾಟರಿಯ ವಾರಂಟಿ ಎರಡನೇ ಮಾಲೀಕರಿಗೆ ಎಷ್ಟು ಉಳಿಯುತ್ತದೆ ಎಂಬುದನ್ನು ಕಂಪನಿಯ ದಾಖಲೆ ನೋಡಿ ಬರೆಯಲಾಗಿದೆ. ಮಾರುವವರು ಕೀ ಕೊಡುವ ದಿನವೇ ತಮ್ಮ ಅಕೌಂಟಿನಿಂದ ವಾಹನವನ್ನು ಬಿಡಿಸಿ, ತಮ್ಮ ಮಾಹಿತಿ ಅಳಿಸಿ ಕೊಟ್ಟಿರುತ್ತಾರೆ. ಕೊಳ್ಳುವವರ ಹೆಸರಿಗೆ ಅಕೌಂಟ್ ಬರುವ ತನಕ ಬೆಲೆಯಲ್ಲಿ ಇಂತಿಷ್ಟು ರೂಪಾಯಿ ಡೀಲರರ ಬಳಿ ಇರತಕ್ಕದ್ದು. ಮೇಲಿನ ಸೌಲಭ್ಯಗಳಲ್ಲಿ ಯಾವುದಾದರೂ ಮಾಲೀಕತ್ವ ಬದಲಾದ ಕಾರಣದಿಂದ ನಿಂತುಹೋದರೆ, ಅದರ ಎದುರು ಬರೆದ ಮೊತ್ತವನ್ನು ಮಾರುವವರು ಕೊಳ್ಳುವವರಿಗೆ ಹಿಂದೆ ಕೊಡತಕ್ಕದ್ದು."

ಹಣ ಹಿಡಿದಿಡುವುದು ನಿಮಗೆ ಹೊಸದಲ್ಲ. ಬ್ಯಾಂಕಿನ ಎನ್‌ಒಸಿ ಬರುವ ತನಕ, ಚಲನ್ ತೀರುವ ತನಕ ಹಾಗೆ ಇಟ್ಟುಕೊಳ್ಳುತ್ತೀರಿ. ಹಳೆ ಮಾಲೀಕರೂ ಇದನ್ನು ವಿರೋಧಿಸಲಾರರು, ಏಕೆಂದರೆ ತಮ್ಮ ಫೋನ್ ನಂಬರು, ತಾವು ಓಡಾಡಿದ ದಾರಿ ಬೇರೆಯವರ ಕಾರಿನಲ್ಲಿ ಉಳಿಯುವುದು ಅವರಿಗೂ ಬೇಡ. ಚಂದಾದ ಅವಧಿ ಇನ್ನೂ ಉಳಿದಿರುವ ಗಾಡಿಗೆ ಅವರು ಎರಡು ಸಾವಿರ ಹೆಚ್ಚು ಕೇಳಿದರೆ ಕೊಡಿಸಿ. ಅದು ನ್ಯಾಯವಾದ ಬೆಲೆ.

ಬರೆಯುವಾಗ ಕೊಳ್ಳುವವರು ಓದಬಲ್ಲ ಭಾಷೆಯಲ್ಲಿ ಬರೆಯಿರಿ. ಕಂಪನಿಯ ಷರತ್ತುಗಳು ಇಂಗ್ಲಿಷಿನಲ್ಲಿ ಪರದೆಯ ಮೇಲೆ ಬರುತ್ತವೆ, ಕೆಳಗೆ ಒಪ್ಪಿಗೆಯ ಗುಂಡಿ. ಮೀಂಜ, ವರ್ಕಾಡಿ, ಎಣ್ಮಕಜೆ, ಬೆಳ್ಳೂರು ಕಡೆಯ ಹಿರಿಯರು ಅದನ್ನು ಓದಿ ಒಪ್ಪಿದರು ಎಂದು ಯಾರೂ ಪ್ರಾಮಾಣಿಕವಾಗಿ ಹೇಳಲಾರರು. ಕನ್ನಡದಲ್ಲೂ ಮಲಯಾಳದಲ್ಲೂ ಅಚ್ಚು ಹಾಕಿಸಿದ ಒಂದು ಹಾಳೆ ಸಾಕು. ಮೇಲಿನ ಒಕ್ಕಣೆಯನ್ನು ನಿಮ್ಮ ವ್ಯವಹಾರಕ್ಕೆ ತಕ್ಕಂತೆ ತಿದ್ದಿಕೊಳ್ಳಿ, ನನ್ನ ಅನುಮತಿ ಕೇಳಬೇಕಿಲ್ಲ. ಮುಂದಿನ ಸಂಘದ ಸಭೆಯಲ್ಲಿ ಇದನ್ನು ಓದಿಸಿ, ಎಲ್ಲ ಶೆಡ್ಡುಗಳಲ್ಲೂ ಒಂದೇ ನಮೂನೆ ಬಳಸುವಂತೆ ಠರಾವು ಮಾಡಿ, ಅದರ ಒಂದೊಂದು ಪ್ರತಿಯನ್ನು ನೀವು ಮಾರುವ ಗಾಡಿಗಳ ಕಂಪನಿಗಳಿಗೆ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ. ಅಕೌಂಟ್ ಬಿಡಿಸಿಕೊಡಲು ಯಾವ ಕಂಪನಿ ಎಷ್ಟು ದಿನ ತೆಗೆದುಕೊಳ್ಳುತ್ತದೆ ಎಂಬುದನ್ನು ಬರೆದಿಟ್ಟುಕೊಳ್ಳುತ್ತ ಬನ್ನಿ. ಸಾರಿಗೆ ಇಲಾಖೆಯ ಮುಂದೆ ಹೋಗುವಾಗ ಆ ಪಟ್ಟಿ ಕೈಯಲ್ಲಿರಬೇಕು.

ಇತಿ ನಿಮ್ಮ,
ಕಾಸರಗೋಡಿನ ಒಬ್ಬ ದಸ್ತಾವೇಜು ಬರಹಗಾರ